ಒಂದು ದೋಸೆಗೆ ನಿಜಕ್ಕೂ ಎಷ್ಟು ಖರ್ಚು? ಅಂಗಡಿ, ಹೊಲ, ಮನೆ ಲೆಕ್ಕದ ಚರ್ಚೆ

ಕಾವಲಿ, ದಾವಣಗೆರೆ

ಎಲ್ಲರಿಗೂ ನಮಸ್ಕಾರ. ದಾವಣಗೆರೆಯಲ್ಲಿ ನಮ್ಮದು ಒಂದು ಚಿಕ್ಕ ಬೆಣ್ಣೆ ದೋಸೆ ಹೋಟೆಲ್. ಕಟ್ಟಿಗೆ ಒಲೆ, ಒಂದೇ ಕಾವಲಿ. ಒಂದು ಲೆಕ್ಕದ ವಿಚಾರಕ್ಕೆ ನನಗೂ ನಮ್ಮ ಅಣ್ಣನಿಗೂ ವಾದ ನಡೆಯುತ್ತಿದೆ. ತಿಳಿದವರು ಹೇಳಿ.

ತಿಂಗಳಿಗೆ ಹೆಚ್ಚೂಕಡಿಮೆ 4,000 ದೋಸೆ ಹೋಗುತ್ತದೆ. ಒಂದಕ್ಕೆ 50 ರೂಪಾಯಿ. ಹಿಟ್ಟು, ಬೆಣ್ಣೆ, ಪಲ್ಯ, ಚಟ್ನಿ, ಕಟ್ಟಿಗೆ ಎಲ್ಲ ಸೇರಿ ದೋಸೆಗೆ 27 ರೂಪಾಯಿ ಬೀಳುತ್ತದೆ. ಅಂಗಡಿ ಬಾಡಿಗೆ 16,000. ಇಬ್ಬರು ಹುಡುಗರ ಸಂಬಳ 30,000. ಕರೆಂಟು, ಚಿಲ್ಲರೆ ಖರ್ಚು 2,000. ಒಟ್ಟು 48,000. ಅದನ್ನು 4,000 ದೋಸೆಗೆ ಹಂಚಿದರೆ ತಲಾ 12 ರೂಪಾಯಿ. ಅಂದರೆ ಒಂದು ದೋಸೆಯ ಅಸಲು 39.

ಈಗ ಹತ್ತಿರದ ಹಾಸ್ಟೆಲ್‌ನವರು ಸಂಜೆ ಹೊತ್ತು ದಿನಕ್ಕೆ 80 ದೋಸೆ ಕೇಳುತ್ತಿದ್ದಾರೆ. ತಿಂಗಳಲ್ಲಿ 25 ದಿನ. ಆದರೆ ಕೊಡುವುದು 32 ರೂಪಾಯಿ. ಅಣ್ಣ ಹೇಳುವುದು, "ಅಸಲೇ 39 ಇದೆ. 32ಕ್ಕೆ ಕೊಟ್ಟರೆ ದೋಸೆಗೆ 7 ರೂಪಾಯಿ ಕೈಯಿಂದ ಹೋಗುತ್ತದೆ." ನನಗೆ ಹಾಗೆ ಅನ್ನಿಸುತ್ತಿಲ್ಲ. ಆದರೆ ಯಾಕೆ ಅಂತ ಬಿಡಿಸಿ ಹೇಳಲು ಬರುತ್ತಿಲ್ಲ.

ಲೆಕ್ಕದ ಮೇಷ್ಟ್ರು, ಚಿತ್ರದುರ್ಗ

ಒಳ್ಳೆಯ ಪ್ರಶ್ನೆ. ಕಾಮರ್ಸ್ ಪಾಠ ಮಾಡುವಾಗ ಇಂಥದ್ದೇ ಲೆಕ್ಕ ಹಿಡಿದು ಕೂರುತ್ತಿದ್ದೆವು.

ನಿಮ್ಮ ಅಣ್ಣನವರು ಭಾಗಾಕಾರ ಸರಿಯಾಗಿಯೇ ಮಾಡಿದ್ದಾರೆ. ಆದರೆ 39 ಅನ್ನುವುದು ಸರಾಸರಿ. ಅದರಲ್ಲಿ ಎರಡು ಜಾತಿಯ ಖರ್ಚು ಸೇರಿಕೊಂಡಿದೆ. 27 ರೂಪಾಯಿ ಪ್ರತಿ ದೋಸೆ ಜೊತೆ ಹೊಸದಾಗಿ ಹುಟ್ಟುತ್ತದೆ. ದೋಸೆ ಹುಯ್ಯದಿದ್ದರೆ ಆ ಖರ್ಚೂ ಇಲ್ಲ. ಇದು ಬದಲಾಗುವ ವೆಚ್ಚ. 48,000 ಹಾಗಲ್ಲ. ಮಳೆ ಬಂದು ಗಿರಾಕಿ ಬರದಿದ್ದರೂ ಬಾಡಿಗೆ ಕೊಡಬೇಕು ಅಲ್ವಾ? ಇದು ಸ್ಥಿರ ವೆಚ್ಚ.

ಯಾವ ಖರ್ಚಿಗೇ ಆಗಲಿ ಹೆಸರು ಹಚ್ಚುವ ಮೊದಲು ಒಂದು ಮಾತು ಕೇಳಿಕೊಳ್ಳಿ: ನಾನು ಈಗ ಮಾಡಲಿರುವ ತೀರ್ಮಾನದಿಂದ ಈ ರೂಪಾಯಿ ಹೆಚ್ಚುಕಮ್ಮಿ ಆಗುತ್ತದಾ? ಹಾಸ್ಟೆಲ್ ಆರ್ಡರ್ ಒಪ್ಪಿದರೆ ಬಾಡಿಗೆ ಏರುವುದಿಲ್ಲ. ಬಿಟ್ಟರೆ ಇಳಿಯುವುದೂ ಇಲ್ಲ. ಹಾಗಾಗಿ ಈ ತೀರ್ಮಾನದ ಮಟ್ಟಿಗೆ ಆ 12 ರೂಪಾಯಿಯನ್ನು ಪಕ್ಕಕ್ಕಿಡಿ. ಪಾರ್ಸೆಲ್ ಕಾಗದಕ್ಕೆ ಒಂದು ರೂಪಾಯಿ ಸೇರಿಸಿದರೆ ಹೊಸ ಖರ್ಚು 28. ಸಿಗುವುದು 32. ದೋಸೆಗೆ 4 ರೂಪಾಯಿ ಉಳಿಯುತ್ತದೆ. 2,000 ದೋಸೆಗೆ 8,000.

ಆದರೆ ಇಷ್ಟಕ್ಕೇ ಹೂಂ ಅನ್ನಬೇಡಿ. ಇರುವ ಇಬ್ಬರು ಹುಡುಗರಿಂದ ಸಂಜೆ ಇನ್ನೂ 80 ದೋಸೆ ಆಗುತ್ತದಾ? ಇನ್ನೊಬ್ಬರನ್ನು ಇಟ್ಟುಕೊಳ್ಳಬೇಕಾದರೆ ಆ ಸಂಬಳ ಈ ಆರ್ಡರಿನ ತಲೆ ಮೇಲೇ ಬರುತ್ತದೆ. ಇಂಥ ಖರ್ಚು ಒಂದೊಂದು ದೋಸೆಗೂ ಏರುವುದಿಲ್ಲ. ಒಂದು ಮಿತಿ ದಾಟಿದ ಕೂಡಲೇ ಒಂದೇ ಸಲಕ್ಕೆ ಏರುತ್ತದೆ.

ಕಾವಲಿ, ದಾವಣಗೆರೆ

ಆಗುವುದಿಲ್ಲ ಸರ್. ಸಂಜೆ ಹೊತ್ತಿಗೆ ಇನ್ನೊಬ್ಬ ಹುಡುಗ ಬೇಕು. ತಿಂಗಳಿಗೆ 6,000 ಕೇಳುತ್ತಾನೆ.

ಮಂಡಕ್ಕಿ ಭಟ್ಟಿ

ಮೇಷ್ಟ್ರು ಹೇಳಿದ್ದು ನಮ್ಮ ಭಟ್ಟಿಯಲ್ಲಿ ದಿನಾ ನೋಡುತ್ತೇವೆ. ಬೆಂಕಿ ಹಾಕಿ ಮರಳು ಕಾಯಿಸುವುದಕ್ಕೆ ಒಂದು ಖರ್ಚು ಆಗಿಯೇ ಆಗುತ್ತದೆ. ಎರಡು ಚೀಲ ಹುರಿದರೂ ಅಷ್ಟೇ, ಹತ್ತು ಚೀಲ ಹುರಿದರೂ ಅಷ್ಟೇ. ಅದಕ್ಕೇ ಚಿಕ್ಕ ಆರ್ಡರ್ ಬಂದರೆ ಆ ದಿನ ಬೇರೆ ಕೆಲಸವೂ ಇದ್ದರೆ ಮಾತ್ರ ಒಪ್ಪುತ್ತೇವೆ. ನೀವೂ ನೋಡಿ ಅಣ್ಣಾ, ಸಂಜೆ ಒಲೆ ಹೇಗೂ ಉರಿಯುತ್ತಿರುತ್ತದಾ ಅಥವಾ ಹಾಸ್ಟೆಲ್‌ಗೋಸ್ಕರವೇ ಹಚ್ಚಬೇಕಾ? ಲೆಕ್ಕ ಬೇರೆಯಾಗುತ್ತದೆ.

ಬಿಕಾಂ ಎರಡನೇ ವರ್ಷ

ಸರ್, ಒಂದು ಅನುಮಾನ. 28ಕ್ಕಿಂತ ಮೇಲೆ ಏನು ಸಿಕ್ಕರೂ ಲಾಭ ಅಂತಾದರೆ ಎಲ್ಲರಿಗೂ 32ಕ್ಕೇ ಮಾರಬಹುದಲ್ಲ? ಗಿರಾಕಿ ಜಾಸ್ತಿ ಬರುತ್ತಾರೆ.

ಲೆಕ್ಕದ ಮೇಷ್ಟ್ರು, ಚಿತ್ರದುರ್ಗ

ಹಾಗಾದರೆ 48,000 ಯಾರು ಕಟ್ಟುತ್ತಾರಪ್ಪಾ? ಹೋಟೆಲ್ ಗಿರಾಕಿ ಕೊಡುವ 50ರಲ್ಲಿ 27 ಕಳೆದರೆ 23 ಉಳಿಯುತ್ತದೆ. 48,000ವನ್ನು 23ರಿಂದ ಭಾಗಿಸು. ಸುಮಾರು 2,087 ದೋಸೆ. ಅಲ್ಲಿಯವರೆಗೆ ಮಾರಿದ್ದೆಲ್ಲ ಬಾಡಿಗೆಗೂ ಸಂಬಳಕ್ಕೂ ಹೋಯಿತು. ಅದರ ಮೇಲಿನದ್ದು ಲಾಭ. ಎಲ್ಲರಿಗೂ 32 ಮಾಡಿದರೆ ಉಳಿಯುವುದು ಬರೀ 5. ಆಗ ಬಾಡಿಗೆ, ಸಂಬಳ ಹುಟ್ಟುವುದಕ್ಕೇ 9,600 ದೋಸೆ ಹುಯ್ಯಬೇಕು. ಒಂದು ಕಾವಲಿಯಲ್ಲಿ ಆಗುವ ಮಾತಾ?

ಒಂದು ಆರ್ಡರ್ ಒಪ್ಪಬೇಕೋ ಬೇಡವೋ ಅನ್ನುವುದು ಒಂದು ಪ್ರಶ್ನೆ. ಅಂಗಡಿ ನಡೆಸಬೇಕೋ ಮುಚ್ಚಬೇಕೋ ಅನ್ನುವುದು ಇನ್ನೊಂದು. ಮೊದಲನೆಯದಕ್ಕೆ ಬಾಡಿಗೆ ಲೆಕ್ಕಕ್ಕೆ ಬರುವುದಿಲ್ಲ. ಎರಡನೆಯದರಲ್ಲಿ ಬಾಡಿಗೆಯೇ ಮೊದಲು ಬರುತ್ತದೆ, ಯಾಕೆಂದರೆ ಅಂಗಡಿ ಬಿಟ್ಟರೆ ಅದು ನಿಲ್ಲುತ್ತದೆ.

ಮೆಕ್ಕೆಜೋಳ, ಜಗಳೂರು

ಹೋಟೆಲ್ ಅಣ್ಣನವರ ಲೆಕ್ಕದಲ್ಲಿ ನನಗೆ ಒಂದು ಕಾಣಿಸಲಿಲ್ಲ. ಇಬ್ಬರು ಹುಡುಗರ ಸಂಬಳ ಇದೆ. ನಿಮ್ಮ ಸಂಬಳ ಎಲ್ಲಿ? ಮನೆಯವರೂ ಅಂಗಡಿಯಲ್ಲಿ ದುಡಿಯುತ್ತಿದ್ದರೆ ಅವರದು?

ಇದನ್ನು ಕೇಳುವುದಕ್ಕೆ ಕಾರಣ ಇದೆ. ಬೆಂಬಲ ಬೆಲೆಗೆ ಶಿಫಾರಸು ಮಾಡುವ ಕೃಷಿ ವೆಚ್ಚ ಮತ್ತು ಬೆಲೆಗಳ ಆಯೋಗ ನಮ್ಮ ಖರ್ಚನ್ನು ಮೂರು ಥರ ಲೆಕ್ಕ ಹಾಕುತ್ತದೆ. ಎ2 ಅಂದರೆ ಜೇಬಿನಿಂದ ಹೋದದ್ದು: ಬೀಜ, ಗೊಬ್ಬರ, ಔಷಧಿ, ಆಳಿನ ಕೂಲಿ, ಡೀಸೆಲ್, ಗುತ್ತಿಗೆ ಹೊಲವಾದರೆ ಅದರ ದುಡ್ಡು. ಅದಕ್ಕೆ ಮನೆಯವರ ದುಡಿಮೆಯ ಬೆಲೆ ಸೇರಿಸಿದರೆ ಎ2 ಪ್ಲಸ್ ಎಫ್‌ಎಲ್. ಅದರ ಮೇಲೆ ಸ್ವಂತ ಹೊಲಕ್ಕೆ ಸಿಗಬಹುದಾಗಿದ್ದ ಗುತ್ತಿಗೆ, ಹಾಕಿದ ಸ್ವಂತ ಬಂಡವಾಳದ ಬಡ್ಡಿ ಎರಡೂ ಸೇರಿದರೆ ಸಿ2.

2018-19ರ ಬಜೆಟ್ಟಿನಲ್ಲಿ ವೆಚ್ಚದ ಒಂದೂವರೆ ಪಟ್ಟು ಬೆಂಬಲ ಬೆಲೆ ಅಂತ ಘೋಷಿಸಿದರು. ಆ ವೆಚ್ಚ ಎ2 ಪ್ಲಸ್ ಎಫ್‌ಎಲ್. ರೈತ ಸಂಘಟನೆಗಳು ಕೇಳುತ್ತಿರುವುದು ಸಿ2 ಮೇಲೆ ಒಂದೂವರೆ ಪಟ್ಟು. 2025-26ಕ್ಕೆ ಮೆಕ್ಕೆಜೋಳದ ಬೆಂಬಲ ಬೆಲೆ ಕ್ವಿಂಟಾಲಿಗೆ 2,400. ಅದಕ್ಕೆ ಹಿಡಿದ ವೆಚ್ಚ 1,508. ಅದು ದೇಶದ ಸರಾಸರಿ. ಮಳೆ ನಂಬಿದ ಜಗಳೂರಿನ ಹೊಲಕ್ಕೂ ಭದ್ರಾ ನಾಲೆ ನೀರಿನ ಹೊಲಕ್ಕೂ ಒಂದೇ ಖರ್ಚು ಆಗುವುದಿಲ್ಲ. ಮಳೆ ಕೈಕೊಟ್ಟು ಇಳುವರಿ ಅರ್ಧ ಆದರೆ ಕ್ವಿಂಟಾಲಿನ ಖರ್ಚು ಹತ್ತಿರ ಹತ್ತಿರ ದುಪ್ಪಟ್ಟು, ಯಾಕೆಂದರೆ ಬಿತ್ತನೆಗೆ ಹಾಕಿದ ದುಡ್ಡು ಅರ್ಧ ಆಗುವುದಿಲ್ಲ.

ಬೆಳಿಗ್ಗೆಯಿಂದ ಕಳೆ ಕೀಳುವ ಹೆಂಗಸರ ದುಡಿಮೆಗೆ ಯಾರೂ ಚೀಟಿ ಬರೆಯುವುದಿಲ್ಲ. ಹಾಗಂತ ಅದು ಪುಕ್ಕಟೆ ಅಲ್ಲ. ಸುಗ್ಗಿಯಲ್ಲಿ "ಇಷ್ಟು ಉಳಿಯಿತು" ಅಂತ ಖುಷಿಪಡುತ್ತೇವೆ. ಅದರಲ್ಲಿ ಎಷ್ಟೋ ಪಾಲು ಮನೆಯವರ ಕೂಲಿಯೇ.

ಕಾವಲಿ, ದಾವಣಗೆರೆ

ನೀವು ಹೇಳಿದ್ದು ನಿಜ ಅಣ್ಣಾ. ನಾನೂ ನಮ್ಮ ಮನೆಯವರೂ ಬೆಳಗಿನ ಜಾವದಿಂದ ಅಂಗಡಿಯಲ್ಲೇ. ಇಬ್ಬರೂ ಬೇರೆ ಕಡೆ ಕೆಲಸಕ್ಕೆ ಹೋದರೆ ತಲಾ 15,000 ಆದರೂ ಸಿಗುತ್ತದೆ. ಜೊತೆಗೆ ಅಂಗಡಿ ಮಾಲೀಕರಿಗೆ 2 ಲಕ್ಷ ಅಡ್ವಾನ್ಸ್ ಕೊಟ್ಟಿದ್ದೇವೆ. ಅದನ್ನು ಖರ್ಚು ಅಂತ ಹಿಡಿಯಬೇಕಾ?

ಅಕೌಂಟೆಂಟ್, ಪಿ.ಜೆ. ಬಡಾವಣೆ

ಅಡ್ವಾನ್ಸ್ ವಾಪಸ್ ಬರುವ ದುಡ್ಡು, ಅದು ಖರ್ಚಲ್ಲ. ಆದರೆ ಅದೇ 2 ಲಕ್ಷ ಬ್ಯಾಂಕಿನಲ್ಲಿ ಶೇ. 6.5ಕ್ಕೆ ಇದ್ದಿದ್ದರೆ ವರ್ಷಕ್ಕೆ 13,000 ಬರುತ್ತಿತ್ತು. ಆ 13,000 ಖರ್ಚು. ಇದಕ್ಕೆ ಅವಕಾಶ ವೆಚ್ಚ ಅನ್ನುತ್ತಾರೆ. ಒಂದು ದಾರಿ ಹಿಡಿದಾಗ ಬಿಟ್ಟುಕೊಟ್ಟ ಇನ್ನೊಂದು ದಾರಿಯ ಗಳಿಕೆ. ನಿಮ್ಮಿಬ್ಬರ 30,000 ಕೂಡ ಇದೇ ಜಾತಿ.

ನಿಮ್ಮ ವರ್ಷದ ವ್ಯಾಪಾರ ಲೆಕ್ಕ ಹಾಕಿದೆ. 24 ಲಕ್ಷ ಆಗುತ್ತದೆ. ಹೋಟೆಲ್ ಅಂದರೆ ಸೇವೆ. 20 ಲಕ್ಷ ದಾಟಿದರೆ ಜಿಎಸ್‌ಟಿ ನೋಂದಣಿ ಬೇಕು. ಮಾಡಿಸಿದ್ದೀರಾ?

ಕಾವಲಿ, ದಾವಣಗೆರೆ

ಮಾಡಿಸಿದ್ದೇವೆ ಸರ್. ಕಾಂಪೊಸಿಷನ್ ಸ್ಕೀಮ್, ಅಂದರೆ ಸಣ್ಣ ವ್ಯಾಪಾರದವರ ಸರಳ ತೆರಿಗೆ. ಮೂರು ತಿಂಗಳಿಗೊಮ್ಮೆ ಒಟ್ಟು ವ್ಯಾಪಾರದ ಶೇ. 5 ಕಟ್ಟುತ್ತೇವೆ.

ಅಕೌಂಟೆಂಟ್, ಪಿ.ಜೆ. ಬಡಾವಣೆ

ಹಾಗಾದರೆ ಅದನ್ನೂ ದೋಸೆ ಲೆಕ್ಕಕ್ಕೆ ತರಬೇಕು. ಕಾಂಪೊಸಿಷನ್‌ನಲ್ಲಿ ಗಿರಾಕಿಯಿಂದ ತೆರಿಗೆ ಬೇರೆ ವಸೂಲಿ ಮಾಡುವಂತಿಲ್ಲ. ಕೊಂಡ ಸಾಮಾನಿನ ಮೇಲೆ ಕಟ್ಟಿದ ಜಿಎಸ್‌ಟಿ ವಾಪಸ್ಸೂ ಸಿಗುವುದಿಲ್ಲ. ಹಾಗಾಗಿ 50 ರೂಪಾಯಿ ದೋಸೆಯಲ್ಲಿ 2.50 ನಿಮ್ಮ ಕೈಯಿಂದಲೇ ಹೋಗುತ್ತದೆ. ಮೂರು ತಿಂಗಳಿಗೊಮ್ಮೆ ಕಟ್ಟಿದರೂ ಅದು ಹುಟ್ಟುವುದು ಪ್ರತಿ ದೋಸೆಗೆ.

ಈಗ ನೋಡಿ. ದೋಸೆಗೆ ಉಳಿಯುವುದು 23 ಅಲ್ಲ, 20.50. ಖರ್ಚು ಹುಟ್ಟುವುದಕ್ಕೆ 2,087 ಸಾಲದು, 2,342 ದೋಸೆ ಬೇಕು. 4,000 ದೋಸೆಗೆ 82,000 ಬರುತ್ತದೆ. 48,000 ಕಳೆದರೆ 34,000. ನಿಮ್ಮಿಬ್ಬರ ದುಡಿಮೆ 30,000 ತೆಗೆದರೆ 4,000. ಅಡ್ವಾನ್ಸಿನ ಬಡ್ಡಿ ತಿಂಗಳಿಗೆ ಸಾವಿರಕ್ಕೂ ಸ್ವಲ್ಪ ಜಾಸ್ತಿ. ಅಂಗಡಿಯ ನಿಜವಾದ ಲಾಭ 3,000ದ ಒಳಗೆ. ಉಳಿದದ್ದು ನಿಮ್ಮ ಸಂಬಳ. ಬೇಜಾರಾಗಬೇಡಿ. ನಿಮ್ಮ ಸಂಬಳವನ್ನು ಅಂಗಡಿ ಕೊಡುತ್ತಿದೆ, ಅದು ಸಣ್ಣ ಮಾತಲ್ಲ. ಆದರೆ ಇನ್ನೊಂದು ಬ್ರಾಂಚ್ ತೆರೆಯುವ ಯೋಚನೆ ಬಂದರೆ 34,000ವನ್ನು ನೋಡಿ ಹೊರಡಬೇಡಿ. ಅಲ್ಲಿ ನೀವಿಬ್ಬರೂ ಇರುವುದಿಲ್ಲ. ಸಂಬಳದವರು ಇರುತ್ತಾರೆ.

ಹಾಸ್ಟೆಲ್ ಲೆಕ್ಕವೂ ಬದಲಾಯಿತು. 32ರಲ್ಲಿ ತೆರಿಗೆ 1.60. ಉಳಿಯುವುದು 2.40. 2,000 ದೋಸೆಗೆ 4,800. ಹುಡುಗನಿಗೆ 6,000. ತಿಂಗಳಿಗೆ 1,200 ನಷ್ಟ. ನಿಮ್ಮ ಅಣ್ಣನವರು ಹೇಳಿದ ಕಾರಣ ಬೇರೆ, ಆದರೆ 32ಕ್ಕೆ ಬೇಡ ಅಂದದ್ದು ಸರಿ.

ಹೊಳಲ್ಕೆರೆ ಸೊಸೆ

ಇಲ್ಲಿ ಒಂದು ಖರ್ಚಿನ ಮಾತು ಇನ್ನೂ ಬಂದಿಲ್ಲ. ಆಗಿಹೋದ ಖರ್ಚು. ನಮ್ಮ ಕಡೆ ಬೋರ್‌ವೆಲ್ ವಿಚಾರದಲ್ಲಿ ಮನೆ ಮನೆಗಳೇ ಇದರಿಂದ ನಲುಗಿವೆ.

ಒಂದು ಬೋರ್ ಒಣಗುತ್ತದೆ. "ಇಷ್ಟು ಹಾಕಿದ್ದೇವೆ, ಈಗ ಬಿಟ್ಟರೆ ಎಲ್ಲ ಮಣ್ಣುಪಾಲು" ಅಂತ ಎರಡನೆಯದು. ಅದೂ ಒಣಗಿದರೆ ಸಾಲ ಮಾಡಿ ಮೂರನೆಯದು. ಮೂರನೇ ಬೋರಿಗೆ ಕಾರಣವಾಗಿ ಹೇಳುವುದು ಮೊದಲ ಎರಡು ಬೋರಿನ ದುಡ್ಡನ್ನು. ಆದರೆ ಆ ದುಡ್ಡು ಮೂರನೆಯದು ಹಾಕಿಸಿದರೂ ಬರುವುದಿಲ್ಲ, ಬಿಟ್ಟರೂ ಬರುವುದಿಲ್ಲ. ಹಾಗಾಗಿ ಈ ತೀರ್ಮಾನದಲ್ಲಿ ಅದಕ್ಕೆ ಜಾಗವೇ ಇಲ್ಲ.

ಆದರೆ ಇದನ್ನು ಅರ್ಧ ತಿಳಿದವರು "ಹೋದದ್ದು ಹೋಯಿತು, ಬಿಟ್ಟುಬಿಡಿ" ಅಂತ ಎಲ್ಲದಕ್ಕೂ ಹೇಳುತ್ತಾರೆ. ಅದೂ ತಪ್ಪು. ನಮ್ಮ ಅಡಿಕೆ ತೋಟ ನಾಲ್ಕು ವರ್ಷದ್ದಿದ್ದಾಗ ಬೇಸಿಗೆಯಲ್ಲಿ ನೀರು ನಿಂತಿತು. ಮಾವನವರು ಹಳೇ ಲೆಕ್ಕದ ಪುಸ್ತಕ ತೆಗೆದು ಇಲ್ಲಿಯವರೆಗೆ ಎಷ್ಟು ಹೋಗಿದೆ ಅಂತ ಕೂಡಿಸುತ್ತಿದ್ದರು. ನಾನು ಹೇಳಿದೆ, "ಮಾವಾ, ಆ ಪುಟ ಮುಚ್ಚಿ. ಇವತ್ತಿನಿಂದ ಮುಂದೆ ಎಷ್ಟು ಹಾಕಬೇಕು, ಮುಂದೆ ಎಷ್ಟು ಬರುತ್ತದೆ, ಅಷ್ಟನ್ನೇ ಬರೆಯಿರಿ." ಮುಂದೆ ಬೇಕಾಗಿದ್ದು ಆ ಬೇಸಿಗೆಯ ಟ್ಯಾಂಕರ್ ನೀರಿನ ದುಡ್ಡು. ಫಸಲು ಇನ್ನೊಂದೆರಡು ವರ್ಷದಲ್ಲಿ ಶುರುವಾಗುವುದಿತ್ತು. ಟ್ಯಾಂಕರ್ ಹಾಕಿಸಿದೆವು. ಅದೇ ವರ್ಷ ನಮ್ಮ ನೆಂಟರ ಒಂದು ವರ್ಷದ ತೋಟಕ್ಕೂ ನೀರಿರಲಿಲ್ಲ. ಅವರಿಗೆ ಇನ್ನೂ ನಾಲ್ಕು ಬೇಸಿಗೆ ಟ್ಯಾಂಕರ್ ಹಾಕಬೇಕಿತ್ತು. ಅವರು ಸಸಿ ಬಿಟ್ಟು ರಾಗಿ ಬಿತ್ತಿದರು. ಎರಡು ಮನೆಯ ತೀರ್ಮಾನವೂ ಸರಿಯೇ.

ಮೆಕ್ಕೆಜೋಳ, ಜಗಳೂರು

ಅಕ್ಕಾ, ಇದನ್ನು ನಮ್ಮೂರಿನ ಎಲ್ಲರಿಗೂ ಓದಿ ಹೇಳಬೇಕು. ಮಗಳ ಮದುವೆಗೆ ಇಟ್ಟ ದುಡ್ಡೂ ಬೋರಿಗೆ ಹೋದ ಮನೆಗಳು ನಮ್ಮಲ್ಲಿವೆ.

ಎಣ್ಣೆ ಮಿಲ್, ಚಳ್ಳಕೆರೆ

ನಮ್ಮದು ಇನ್ನೊಂದು ಥರ. ಒಂದು ಚೀಲ ಶೇಂಗಾ ಹಾಕಿದರೆ ಎಣ್ಣೆಯೂ ಬರುತ್ತದೆ, ಹಿಂಡಿಯೂ ಬರುತ್ತದೆ. ಎಣ್ಣೆಗೆ ಎಷ್ಟು ಖರ್ಚು, ಹಿಂಡಿಗೆ ಎಷ್ಟು ಅಂತ ಯಾರಾದರೂ ಕೇಳಿದರೆ ಖಚಿತ ಉತ್ತರ ಇಲ್ಲ. ಶೇಂಗಾ ಎರಡಕ್ಕೂ ಒಂದೇ. ಇದು ಜಂಟಿ ವೆಚ್ಚ. ಪುಸ್ತಕಕ್ಕೆ ಮಾರಾಟದ ಬೆಲೆ ನೋಡಿ ಹಂಚುತ್ತೇವೆ. ಆದರೆ ಮಿಲ್ ಓಡಿಸಬೇಕೋ ಬೇಡವೋ ಅನ್ನುವಾಗ ಎರಡರ ಬೆಲೆಯನ್ನೂ ಕೂಡಿಸಿ ಶೇಂಗಾ ಬೆಲೆಗೆ ಹೋಲಿಸುತ್ತೇವೆ. ಹಿಂಡಿ ದರ ಬಿದ್ದ ತಿಂಗಳಲ್ಲಿ ಎಣ್ಣೆ ದರ ಚೆನ್ನಾಗಿದ್ದರೂ ಮಿಲ್ ನಿಲ್ಲಿಸಬೇಕಾಗುತ್ತದೆ.

ಬಿಕಾಂ ಎರಡನೇ ವರ್ಷ

ಗ್ರೈಂಡರ್‌ಗೆ ತಿಂಗಳ ಕಂತು ಕಟ್ಟುತ್ತಿದ್ದರೆ ಆ ಕಂತು ಪೂರ್ತಿ ಖರ್ಚಾ?

ಅಕೌಂಟೆಂಟ್, ಪಿ.ಜೆ. ಬಡಾವಣೆ

ಅಲ್ಲ. ಕಂತಿನಲ್ಲಿ ಅಸಲೂ ಇದೆ, ಬಡ್ಡಿಯೂ ಇದೆ. ಬಡ್ಡಿ ಖರ್ಚು. ಅಸಲು ಸಾಲ ತೀರಿಸಿದ್ದು. ಗ್ರೈಂಡರಿನ ಖರ್ಚು ಸವಕಳಿಯಾಗಿ, ಅಂದರೆ ಯಂತ್ರ ಸವೆದು ವರ್ಷ ವರ್ಷ ಇಳಿಯುವ ಬೆಲೆಯಾಗಿ ಬರುತ್ತದೆ. ಆದಾಯ ತೆರಿಗೆಯಲ್ಲಿ ಸಾಮಾನ್ಯ ಯಂತ್ರಕ್ಕೆ ವರ್ಷಕ್ಕೆ ಶೇ. 15, ಕಂಪ್ಯೂಟರಿಗೆ ಶೇ. 40 ಸವಕಳಿ ಹಿಡಿಯುತ್ತಾರೆ. ಕಂತು ಮುಗಿದ ಮೇಲೂ ಯಂತ್ರ ಸವೆಯುತ್ತಲೇ ಇರುತ್ತದೆ. ಆ ದುಡ್ಡನ್ನು ಬೇರೆ ಇಡದಿದ್ದರೆ ಹೊಸ ಯಂತ್ರ ಕೊಳ್ಳುವ ದಿನ ಮತ್ತೆ ಸಾಲವೇ ಗತಿ.

ವಿದ್ಯಾನಗರದ ಅಕ್ಕ, ದಾವಣಗೆರೆ

ನಾನು ಅಂಗಡಿಯವಳಲ್ಲ. ಸಂಬಳದ ಮನೆ ನಮ್ಮದು. ಆದರೂ ಇದೆಲ್ಲ ನಮಗೂ ಹೊಂದುತ್ತದೆ.

ಮನೆ ಖರ್ಚನ್ನು ನಾನು ಹೀಗೆ ನೋಡುತ್ತೇನೆ: ನಾಳೆ ಸಂಬಳ ನಿಂತರೂ ನಿಲ್ಲದ ಖರ್ಚು ಯಾವುದು? ಬಾಡಿಗೆ, ಸಾಲದ ಕಂತು, ಅಕ್ಕಿ ಬೇಳೆ, ಅತ್ತೆಯವರ ಮಾತ್ರೆ, ಮಕ್ಕಳ ಫೀಸು. ತುರ್ತಿಗೆ ಇಡುವ ದುಡ್ಡಿನ ಲೆಕ್ಕ ಇದರ ಮೇಲೆ ಹಾಕಬೇಕು. ಸಂಬಳ 40,000 ಇರಬಹುದು. ನಿಲ್ಲದ ಖರ್ಚು 24,000 ಇದ್ದರೆ ಆರು ತಿಂಗಳಿಗೆ 1,44,000 ಸಾಕು. ಫೀಸು ಜೂನ್‌ನಲ್ಲಿ ಬರುತ್ತದೆ ಅಂತ ಜೂನ್‌ನ ಖರ್ಚಲ್ಲ. ಹನ್ನೆರಡರಿಂದ ಭಾಗಿಸಿ ತಿಂಗಳು ತಿಂಗಳು ತೆಗೆದಿಡಿ.

ಸಾಲದ ಬಡ್ಡಿ ವಿಚಾರ ಗಟ್ಟಿಯಾಗಿ ಹೇಳುತ್ತೇನೆ, ದಯವಿಟ್ಟು ಕೇಳಿ. "ಮೂರು ರೂಪಾಯಿ ಬಡ್ಡಿ" ಅಂದರೆ ಕೇಳುವುದಕ್ಕೆ ಸಣ್ಣದು. ನೂರಕ್ಕೆ ತಿಂಗಳಿಗೆ ಮೂರು, ವರ್ಷಕ್ಕೆ ಶೇ. 36. ಇನ್ನು "ಶೇ. 12 ಫ್ಲ್ಯಾಟ್" ಅನ್ನುವ ಸಾಲ. ಒಂದು ಲಕ್ಷ ತೆಗೆದುಕೊಂಡು ವರ್ಷದಲ್ಲಿ 1,12,000 ಕಟ್ಟುತ್ತೀರಿ, ತಿಂಗಳಿಗೆ 9,333. ಆದರೆ ಲಕ್ಷ ರೂಪಾಯಿ ಪೂರ್ತಿ ನಿಮ್ಮ ಕೈಯಲ್ಲಿ ಇರುವುದು ಮೊದಲ ತಿಂಗಳು ಮಾತ್ರ. ತಿಂಗಳು ತಿಂಗಳು ಅಸಲು ವಾಪಸ್ ಹೋಗುತ್ತಿರುತ್ತದೆ. ಇಳಿಯುವ ಬಾಕಿಯ ಮೇಲೆ ಲೆಕ್ಕ ಹಾಕಿದರೆ ಬಡ್ಡಿ ಶೇ. 21 ದಾಟುತ್ತದೆ. 2024ರ ಅಕ್ಟೋಬರ್ 1ರಿಂದ ಬ್ಯಾಂಕು, ಫೈನಾನ್ಸ್ ಕಂಪನಿಗಳು ಇಂಥ ಸಾಲಗಳಿಗೆ ಎಲ್ಲ ಶುಲ್ಕ ಸೇರಿಸಿದ ವಾರ್ಷಿಕ ದರ ಬರೆದ ಒಂದು ಹಾಳೆ ಕೊಡಬೇಕು ಅಂತ ರಿಸರ್ವ್ ಬ್ಯಾಂಕ್ ನಿಯಮ ಇದೆ. ಸಹಿ ಮಾಡುವ ಮೊದಲು ಆ ಹಾಳೆ ಕೇಳಿ ತೆಗೆದುಕೊಳ್ಳಿ.

ಬಂಗಾರವೂ ಹಾಗೇ. ಒಡವೆಯ ಮಜೂರಿ, ವೇಸ್ಟೇಜು, ಜಿಎಸ್‌ಟಿ ಮೂರೂ ಮಾರುವ ದಿನ ವಾಪಸ್ ಬರುವುದಿಲ್ಲ. ಹಾಕಿಕೊಳ್ಳುವ ಆಸೆಗೆ ಕೊಂಡರೆ ಸರಿ. ಬರೀ ಉಳಿತಾಯಕ್ಕೆ ಅಂತಾದರೆ ಮಜೂರಿ ಜಾಸ್ತಿ ಇರುವ ಒಡವೆ ಯಾಕೆ?

ಕಾವಲಿ, ದಾವಣಗೆರೆ

ಎಲ್ಲರಿಗೂ ತುಂಬಾ ಉಪಕಾರ ಆಯಿತು. ಅಣ್ಣನ ಜೊತೆ ಕೂತು ಎಲ್ಲ ಓದಿದೆವು. ಹಾಸ್ಟೆಲ್‌ನವರ ಹತ್ತಿರ ಮತ್ತೆ ಮಾತಾಡಿದೆ. ನಾನು 36 ಕೇಳಿದೆ, ಅವರು 35ಕ್ಕೆ ಬಂದಿದ್ದಾರೆ. ಮಂಡಕ್ಕಿ ಭಟ್ಟಿ ಅಣ್ಣಾ, ಒಲೆ ಸಂಜೆ ಹೇಗೂ ಉರಿಯುತ್ತದೆ, ಅದಕ್ಕೆ ಹೊಸ ಖರ್ಚಿಲ್ಲ. 35ರಲ್ಲಿ ತೆರಿಗೆ 1.75, ಸಾಮಾನು 28. ಉಳಿಯುವುದು 5.25. 2,000ಕ್ಕೆ 10,500. ಹುಡುಗನಿಗೆ 6,000 ಕೊಟ್ಟು 4,500 ಉಳಿಯುತ್ತದೆ. ಆದರೆ ದುಡ್ಡು 45 ದಿನ ಬಿಟ್ಟು ಕೊಡುತ್ತಾರಂತೆ.

ಅಕೌಂಟೆಂಟ್, ಪಿ.ಜೆ. ಬಡಾವಣೆ

ಅದಕ್ಕೂ ಬೆಲೆ ಇದೆ. ತಿಂಗಳಿಗೆ 70,000 ಬಿಲ್ಲು. 45 ದಿನ ಅಂದರೆ ಯಾವಾಗಲೂ 1,05,000 ಅವರ ಹತ್ತಿರವೇ ಇರುತ್ತದೆ. ಆ ಹೊತ್ತಿಗೆ ಬೆಣ್ಣೆ, ಅಕ್ಕಿಗೆ ನೀವು ಎರಡು ರೂಪಾಯಿ ಬಡ್ಡಿಗೆ ದುಡ್ಡು ತಂದರೆ ತಿಂಗಳಿಗೆ 2,100 ಬಡ್ಡಿಗೇ ಹೋಯಿತು. 15 ದಿನಕ್ಕೆ ಒಪ್ಪಿದರೆ 700. ಸಣ್ಣ ಉದ್ಯಮಗಳಿಗೆ ಸರ್ಕಾರ ಮಾಡುವ ಉದ್ಯಮ್ ನೋಂದಣಿ ಪುಕ್ಕಟೆ, ಮಾಡಿಸಿಕೊಳ್ಳಿ. ನೋಂದಾಯಿಸಿದ ಸಣ್ಣ ಉದ್ಯಮಕ್ಕೆ ಒಪ್ಪಂದ ಇಲ್ಲದಿದ್ದರೆ 15 ದಿನದಲ್ಲಿ, ಲಿಖಿತ ಒಪ್ಪಂದ ಇದ್ದರೂ 45 ದಿನ ಮೀರದಂತೆ ದುಡ್ಡು ಕೊಡಬೇಕು ಅಂತ ಕಾನೂನು ಇದೆ. ಮಧ್ಯೆ 30 ದಿನಕ್ಕೆ ನಿಂತರೂ ಬಡ್ಡಿ 1,400. ಆಗ ನಿಮಗೆ 3,100 ಉಳಿಯುತ್ತದೆ.

ಲೆಕ್ಕದ ಮೇಷ್ಟ್ರು, ಚಿತ್ರದುರ್ಗ

ಇನ್ನೊಂದು ನೋಡಿಕೊಳ್ಳಿ. ಹಾಸ್ಟೆಲ್ ದೋಸೆ ಹುಯ್ಯುವಾಗ ಕಾವಲಿ ಖಾಲಿ ಇಲ್ಲ ಅಂತ ಒಬ್ಬ ಗಿರಾಕಿ ವಾಪಸ್ ಹೋದರೆ 20.50 ಹೋಯಿತು. 3,100ವನ್ನು ಅದರಿಂದ ಭಾಗಿಸಿದರೆ ತಿಂಗಳಿಗೆ 151 ದೋಸೆ. 25 ದಿನಕ್ಕೆ ಹಂಚಿದರೆ ದಿನಕ್ಕೆ 6. ದಿನಾ ಅಷ್ಟು ದೋಸೆಯ ಗಿರಾಕಿ ವಾಪಸ್ ಹೋದರೆ ಈ ಆರ್ಡರಿನ ಲಾಭ ಪೂರ್ತಿ ಹೋದಂತೆ.

ಕಾವಲಿ, ದಾವಣಗೆರೆ

30 ದಿನಕ್ಕೆ ಒಪ್ಪಿದರು ಸರ್. ಹಾಸ್ಟೆಲ್ ದೋಸೆಯನ್ನು ಗಿರಾಕಿ ಸೇರುವ ಮೊದಲೇ, ಐದೂವರೆಯಿಂದ ಶುರು ಮಾಡುತ್ತೇವೆ. ವಾಪಸ್ ಹೋದ ಗಿರಾಕಿಗಳನ್ನು ಗಲ್ಲಾದ ಪಕ್ಕ ಪುಸ್ತಕದಲ್ಲಿ ಗೀಟು ಹಾಕಿ ಬರೆಯಲು ಮನೆಯವರಿಗೆ ಹೇಳಿದ್ದೇನೆ. ಸದ್ಯಕ್ಕೆ ಮೂರು ತಿಂಗಳಿಗೆ ಮಾತ್ರ ಮಾತು ಕೊಟ್ಟಿದ್ದೇನೆ. ಬೆಣ್ಣೆ ದರ ಮಧ್ಯದಲ್ಲಿ ಏರಿದರೆ ಏನು ಮಾಡುವುದು?

ಅಕೌಂಟೆಂಟ್, ಪಿ.ಜೆ. ಬಡಾವಣೆ

ಬೆಣ್ಣೆ ಇವತ್ತಿನ ದರ ಎಷ್ಟು ಅಂತ ಒಪ್ಪಂದದಲ್ಲೇ ಬರೆಯಿರಿ. ಕಿಲೋಗೆ ಇಷ್ಟು ಏರಿದರೆ ದೋಸೆಗೆ ಇಷ್ಟು ಅಂತ ಒಂದು ಸಾಲು ಸೇರಿಸಿ. ನಿಮ್ಮ 27ರಲ್ಲಿ ಬೆಣ್ಣೆಯ ಪಾಲು ಎಷ್ಟು ಅಂತ ಕಳಿಸಿ, ಆ ಸಾಲನ್ನು ನಾನು ಬರೆದುಕೊಡುತ್ತೇನೆ.